ಪದಚರ್ಚೆ: ಕರಾಳ ಅನಿಮೆಯ ಬಾಯಿಗೆ ನಗೆಮಾತು ಕೂರಿಸಿದರೆ ಅದಕ್ಕೆ ಕನ್ನಡದಲ್ಲಿ ಏನನ್ನಬೇಕು?

ಶಿವಮೊಗ್ಗದಿಂದ, ಪ್ರಶ್ನೆ:

ಹಿರಿಯರಿಗೂ ಗೆಳೆಯರಿಗೂ ನಮಸ್ಕಾರ.

ಕಾಲೇಜು ಸಂಚಿಕೆಯ ಲೇಖನವೊಂದಕ್ಕೆ ಪದ ಬೇಕಾಗಿದೆ. ಜಪಾನಿನ ಅನಿಮೆಗಳಲ್ಲಿ, ಅಂದರೆ ಅಲ್ಲಿಯ ಕಾರ್ಟೂನ್ ಸರಣಿ-ಸಿನಿಮಾಗಳಲ್ಲಿ, ಕೊಲೆ, ಸೇಡು, ರಕ್ತಪಾತವೇ ತುಂಬಿರುವ ಒಂದು ಬಗೆ ಇದೆಯಲ್ಲ, ಅದರ ದೃಶ್ಯಗಳನ್ನು ಹಾಗೇ ಇಟ್ಟುಕೊಂಡು, ಪಾತ್ರಗಳ ಬಾಯಿಗೆ ಬೇರೆಯದೇ ಮಾತು ಕೂರಿಸಿ, ನೋಡಿದವರು ಹೊಟ್ಟೆ ಹಿಡಿದು ನಗುವಂತೆ ಮಾಡುವ ಅಭಿಮಾನಿಗಳಿದ್ದಾರೆ. ಇಂಗ್ಲಿಷಿನಲ್ಲಿ ಇದಕ್ಕೆ ‘ಅಬ್ರಿಜ್ಡ್ ಸೀರೀಸ್’ ಎಂಬ ಹೆಸರು ನಿಂತುಬಿಟ್ಟಿದೆ. 2006ರಲ್ಲಿ ‘ಯು-ಗಿ-ಓ’ ಸರಣಿಯನ್ನು ಹಿಡಿದು ಬಂದ ಅಣಕದಿಂದ ಆ ಹೆಸರು ಹಬ್ಬಿತು. ಕರಾಳ ಕತೆಯ ಮಟ್ಟಿಗೆ ಹೆಚ್ಚಿನವರು ಮೊದಲು ಹೇಳುವುದು ‘ಹೆಲ್‌ಸಿಂಗ್ ಅಲ್ಟಿಮೇಟ್’ನ ಅಣಕವನ್ನು. ಮೂಲ 2006ರಿಂದ 2012ರವರೆಗೆ ಬಂದ ಹತ್ತು ಕಂತು. ಟೀಮ್ ಫೋರ್ ಸ್ಟಾರ್ ತಂಡದ ಅಣಕವೂ ಹತ್ತೇ ಕಂತು, 2010ರಲ್ಲಿ ಶುರುವಾಗಿ 2018ರಲ್ಲಿ ಮುಗಿಯಿತು.

‘ಸಂಕ್ಷಿಪ್ತ ಸರಣಿ’ ಅಂತ ಬರೆದರೆ ಓದುವವರಿಗೆ ಪರೀಕ್ಷೆಯ ಗೈಡು ನೆನಪಾಗುತ್ತದೆ. ‘ವಿಡಂಬನೆ’ ತುಂಬ ದೊಡ್ಡ ಮಾತಾಯಿತು, ‘ಲೇವಡಿ’ ಅಂದರೆ ಅಭಿಮಾನಿ ತನ್ನ ಮೆಚ್ಚಿನ ಕೃತಿಯನ್ನೇ ಹೀಗಳೆಯುತ್ತಿದ್ದಾನೆ ಅನ್ನಿಸುತ್ತದೆ. ‘ಕಪ್ಪು ಹಾಸ್ಯ’ ಅನ್ನಬಹುದೇ? ಮತ್ತೆ, ಬರವಣಿಗೆಯಲ್ಲಿ ‘ಅನಿಮೆ’ ಸರಿಯೋ ‘ಅನಿಮೇ’ ಸರಿಯೋ? ತಿಳಿದವರು ದಯವಿಟ್ಟು ಬರೆಯಿರಿ.

ಸಾಗರದಿಂದ, ಉತ್ತರ:

ಒಳ್ಳೆಯ ಪ್ರಶ್ನೆ. ಸುಲಭದ್ದರಿಂದ ಶುರು ಮಾಡುತ್ತೇನೆ. ‘ಅನಿಮೆ’ಯೇ ಸರಿ. ಜಪಾನಿಯಲ್ಲಿ ಕೊನೆಯ ಸ್ವರ ಹ್ರಸ್ವ. ಎ-ಏ ಎರಡೂ ನಮ್ಮ ಲಿಪಿಯಲ್ಲಿ ಬೇರೆ ಬೇರೆ ಇರುವಾಗ ಹಿಂದಿಯವರ ಹಾಗೆ ಎಳೆಯುವ ಅಗತ್ಯವಿಲ್ಲ. ಇದೇ ತರ್ಕ ಹಿಡಿದರೆ ಅಲ್ಲಿಯ ಚಿತ್ರಕತೆಯನ್ನು ‘ಮಂಗ’ ಎಂದೇ ಬರೆಯಬೇಕಾಗುತ್ತದೆ, ಮೂಲದ ಉಚ್ಚಾರಣೆ ಅದೇ. ಆದರೆ ತೋಟಕ್ಕೆ ದಿನಾ ಮಂಗ ಬರುವ ನಮ್ಮ ಸೀಮೆಯಲ್ಲಿ ಅದು ನಿಲ್ಲುವ ಮಾತಲ್ಲ. ‘ಮಾಂಗಾ’ ಅಂತ ಎಳೆದು ಬರೆಯುವ ರೂಢಿಯನ್ನು ಒಪ್ಪಿಕೊಳ್ಳೋಣ.

‘ಸಂಕ್ಷಿಪ್ತ’ವನ್ನು ಬಿಟ್ಟುಬಿಡಿ. ಕಂತಿನ ಉದ್ದ ಇಳಿಯುತ್ತದೆ, ನಿಜ. ಆದರೆ ನಗು ಬರುವುದು ಕತ್ತರಿಸಿದ್ದರಿಂದ ಅಲ್ಲ. ಇನ್ನೊಂದು ತೊಡಕೂ ಇದೆ: 1957ರ ನಮ್ಮ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಸಾಹಿತ್ಯ ಕೃತಿಯ ಸಂಕ್ಷೇಪ ‘ರೂಪಾಂತರ’ದ ವ್ಯಾಖ್ಯೆಯೊಳಗೆ ಬರುತ್ತದೆ, ಅದರ ಹಕ್ಕು ಕೃತಿಸ್ವಾಮ್ಯ ಉಳ್ಳವರದು. 52ನೇ ಕಲಮಿನ ವಿನಾಯಿತಿಗಳಲ್ಲಿ ವಿಮರ್ಶೆಯ ಹೆಸರಿದೆ, ಅಣಕದ ಹೆಸರಿಲ್ಲ. ಹೀಗಿರುವಾಗ ಅಣಕಿಸಿದ್ದನ್ನು ‘ಸಂಕ್ಷೇಪ’ ಎಂದು ನಾವೇ ಕರೆಯುವುದು ಅರ್ಥದಲ್ಲೂ ತಪ್ಪು, ವ್ಯವಹಾರದಲ್ಲೂ ಜಾಣತನವಲ್ಲ.

‘ಕಪ್ಪು ಹಾಸ್ಯ’ವೂ ಬೇರೆಯೇ ವಸ್ತು. ಅದರಲ್ಲಿ ಸಾವನ್ನೇ ನಗೆಯ ಸರಕು ಮಾಡಿ ಕತೆ ಬರೆದಿರುತ್ತಾರೆ. ಇಲ್ಲಿ ಮೂಲ ಕತೆ ಗಂಭೀರ, ನಗೆ ಹೊರಗಿನಿಂದ ಬಂದದ್ದು. ಆದ್ದರಿಂದ ಮೂಲಕ್ಕೆ ‘ಕರಾಳ’ ಎಂಬ ವಿಶೇಷಣ ಸಾಕು. ‘ವಿಡಂಬನೆ’ಗೆ ತಿದ್ದುವ ಉದ್ದೇಶ ಬೇಕು, ಗುರಿ ಲೋಕದ ಯಾವುದೋ ಓರೆಕೋರೆ ಆಗಿರಬೇಕು. ‘ಲೇವಡಿ’, ‘ಗೇಲಿ’, ‘ಅಪಹಾಸ್ಯ’ ಮೂರಕ್ಕೂ ಎದುರಿಗೆ ಒಬ್ಬ ಮನುಷ್ಯ ಬೇಕು, ಅವನಿಗೆ ನೋಯಬೇಕು. ಉಳಿಯುವುದು ‘ಅಣಕ’.

ಅಣಕಕ್ಕೂ ಒಂದು ಪೇಚಿದೆ. ಪತ್ರಿಕೆಗಳು ‘ಅಣಕು ಮತದಾನ’, ‘ಅಣಕು ಸಂಸತ್ತು’, ‘ಅಣಕು ಕಾರ್ಯಾಚರಣೆ’ ಅಂತ ಬರೆದು ಬರೆದು ‘ಅಣಕು’ ಎಂಬ ರೂಪಕ್ಕೆ ನಗೆಯಿಲ್ಲದ ಅರ್ಥ ಅಂಟಿದೆ: ನಿಜವಲ್ಲ, ತಾಲೀಮು ಮಾತ್ರ. ಅದಕ್ಕೇ ಸಮಾಸದಲ್ಲಿ ಉಕಾರ ಬೇಡ, ‘ಅಣಕವಾಡು’ ಪದದಲ್ಲಿರುವಂತೆ ಅಕಾರವೇ ಇರಲಿ. ಅಲ್ಲಿ ಅಣಕ, ಪಾಡು ಸೇರಿ ಪಕಾರಕ್ಕೆ ವಕಾರ ಆದೇಶವಾಗಿದೆ. ಅದೇ ದಾರಿಯಲ್ಲಿ ಅಣಕ, ಮಾತು ಸೇರಿಸಿದರೆ ‘ಮೆಲ್ವಾತು’ವಿನ ಹಾಗೆ ‘ಅಣಕವಾತು’ ಆಗುತ್ತದೆ. ವ್ಯಾಕರಣ ಸರಿಯೇ, ಆದರೆ ಕೇಳಿದವರಿಗೆ ವಾತ, ಪಿತ್ತ ನೆನಪಾಗುತ್ತದೆ. ನನ್ನ ಆಯ್ಕೆ ‘ಅಣಕದನಿ’. ದನಿ ಬದಲಾಗಿದೆ, ಚಿತ್ರ ಬದಲಾಗಿಲ್ಲ ಎಂಬುದನ್ನು ಅದು ನೇರವಾಗಿ ಹೇಳುತ್ತದೆ. ‘ಅಣಕ ಡಬ್ಬಿಂಗ್’ ಅಂದರೂ ತಿಳಿಯುತ್ತದೆ, ಆದರೆ ಕನ್ನಡದಲ್ಲಿ ಡಬ್ಬಿಂಗ್ ಎಂಬ ಪದದ ಬೆನ್ನ ಮೇಲೆ ದಶಕಗಳ ಜಗಳದ ಹೊರೆ ಇದೆ.

ಪದಕ್ಕಿಂತ ಮುಖ್ಯವಾದದ್ದು ಕ್ರಿಯೆ. ವೇಷ, ಕುಣಿತವಿಲ್ಲದ ಯಕ್ಷಗಾನವಾದ ತಾಳಮದ್ದಳೆ ಕೇಳಿದವರಿಗೆ ಇದು ಬೇಗ ಹಿಡಿಯುತ್ತದೆ. ಪ್ರಸಂಗದ ಪದ್ಯ ಕವಿಯದು, ಅದನ್ನು ಮುಟ್ಟುವ ಹಾಗಿಲ್ಲ. ಭಾಗವತರು ಹಾಡಿದ ಮೇಲೆ ಅರ್ಥ ಹೇಳುವುದು ಮಾತ್ರ ಅರ್ಥಧಾರಿಯ ಸ್ವಾತಂತ್ರ್ಯ. ಅಣಕದನಿಯಲ್ಲಿ ಅನಿಮೆಯ ಚಿತ್ರವೇ ಪದ್ಯ. ಅಭಿಮಾನಿ ಅದಕ್ಕೆ ಬೇರೆ ಅರ್ಥ ಹೇಳುತ್ತಾನೆ. ಹೆಲ್‌ಸಿಂಗಿನ ಅಣಕದಲ್ಲಿ ರಕ್ತಪಿಶಾಚಿ ಅಲುಕಾರ್ಡ್ ನಡೆಸಿದ ಮಾರಣಹೋಮ ಸುಮ್ಮನೆ ಅಡ್ಡಾಡಿ ಬಂದದ್ದು ಎಂಬಂತೆ ಮಾತಿಗೆ ಬರುತ್ತದೆ, ಅವನ ಒಡತಿ ಹೇಳದೆ ಹೋದ ಕೆಲಸದವನನ್ನು ಗದರುವ ಹಾಗೆ ಗದರುತ್ತಾಳೆ. ಚೆಲ್ಲಿದ ನೆತ್ತರು ಮೂಲದಲ್ಲಿದ್ದಷ್ಟೇ ಇದೆ, ಅರ್ಥ ಮಾತ್ರ ಪಲ್ಲಟವಾಗಿದೆ. ‘ಅಣಕದ ಅರ್ಥ ಹೇಳು’ ಎಂಬ ಕ್ರಿಯಾಪದವನ್ನು ಲೇಖನದಲ್ಲಿ ಧಾರಾಳವಾಗಿ ಬಳಸಿ. ‘ಅಣಕಾರ್ಥ’ ಎಂದು ಮಾತ್ರ ಬರೆಯಬೇಡಿ. ಕನ್ನಡದ ಅಣಕಕ್ಕೂ ಸಂಸ್ಕೃತದ ಅರ್ಥಕ್ಕೂ ಸವರ್ಣದೀರ್ಘ ಮಾಡಿದರೆ ಅರಿಸಮಾಸವಾಗುತ್ತದೆ.

ಹೀಗೆ ಅರ್ಥ ಬದಲಿಸಿದರೆ ನಗು ಯಾಕೆ ಬರಬೇಕು? ನಾಟ್ಯಶಾಸ್ತ್ರದ ಭರತ ಶೃಂಗಾರದ ಅನುಕರಣೆಯೇ ಹಾಸ್ಯ ಅಂದ. ಅದಕ್ಕೆ ವ್ಯಾಖ್ಯಾನ ಬರೆದ ಅಭಿನವಗುಪ್ತ ಆ ಮಾತನ್ನು ಎಲ್ಲ ರಸಗಳಿಗೂ ಹಿಗ್ಗಿಸಿ, ಔಚಿತ್ಯ ತಪ್ಪಿದಲ್ಲಿ ಕರುಣ ಮೊದಲಾದವುಗಳ ಆಭಾಸದಲ್ಲೂ ಹಾಸ್ಯ ಹುಟ್ಟುತ್ತದೆ ಅಂದ. ರೌದ್ರ, ಬೀಭತ್ಸ ಎಷ್ಟು ಎತ್ತರದಲ್ಲಿದ್ದರೆ ಅಷ್ಟು ಚೆನ್ನ, ಬೀಳುವುದಕ್ಕೆ ಎತ್ತರ ಬೇಕು. ಮೆಲು ಕತೆಗಿಂತ ಕರಾಳ ಕತೆಗೇ ಅಣಕ ಚೆನ್ನಾಗಿ ಒಗ್ಗುವುದು ಇದರಿಂದ. ಶಾಸ್ತ್ರದಲ್ಲಿ ಇದಕ್ಕೆ ‘ರಸಾಭಾಸ’ ಎಂಬ ಹೆಸರು ಸಿದ್ಧವಾಗಿದೆ, ಆದರೆ ಅದನ್ನೂ ತಲೆಬರಹಕ್ಕೆ ಎತ್ತಿಕೊಳ್ಳಬೇಡಿ. ‘ಸಭೆ ರಸಾಭಾಸವಾಯಿತು’ ಅಂದರೆ ನಮ್ಮಲ್ಲಿ ಎಲ್ಲ ಕೆಟ್ಟುಹೋಯಿತು ಅಂತಲೇ ಅರ್ಥ.

ಒಂದು ದೃಶ್ಯ ಇಟ್ಟುಕೊಂಡು ನೋಡೋಣ. ಜಡಿಮಳೆ. ಹೆಣಗಳ ನಡುವೆ ಖಡ್ಗಧಾರಿ ಒಬ್ಬನೇ ನಿಂತಿದ್ದಾನೆ, ಕೂದಲಿನಿಂದ ನೀರು ಇಳಿಯುತ್ತಿದೆ, ಆಕಾಶ ನೋಡಿ ನಿಟ್ಟುಸಿರು ಬಿಡುತ್ತಾನೆ. ಅಣಕದ ಅರ್ಥ: “ಎರಡನೇ ಔಷಧಿ ಹೊಡಿಯಕ್ಕೆ ಇವತ್ತಾದ್ರೂ ಹೊಳವಾಗುತ್ತೆ ಅಂದ್ಕಂಡಿದ್ದೆ.” ಹಿಂದೆ ಮಂಡಿಯೂರಿದ ಬಂಟ: “ಸುಣ್ಣ ನೆನೆಹಾಕಿ ಆಗಿದೆ, ಒಡೆಯಾ. ನೂರು ಲೀಟರಿಗೆ ಒಂದು ಕಿಲೋ.” ಖಡ್ಗಧಾರಿ ಕಣ್ಣು ಮುಚ್ಚಿ: “ಮೈಲುತುತ್ತವೂ ಅಷ್ಟೇ ಇರಲಿ.” ಅಡಿಕೆ ಬೆಳೆಯುವವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಮಳೆಗಾಲಕ್ಕೆ ಮುಂಚೆ ಒಂದು ಸಲ, ನಲವತ್ತು-ನಲವತ್ತೈದು ದಿನಕ್ಕೆ ಇನ್ನೊಂದು ಸಲ ಬೋರ್ಡೋ, ಅಂದರೆ ಈ ಸುಣ್ಣ-ಮೈಲುತುತ್ತದ ಔಷಧಿ, ಹೊಡೆಯದಿದ್ದರೆ ಕೊಳೆ ರೋಗ ಬಂದು ಕಾಯಿ ಉದುರುತ್ತದೆ, ಎರಡನೆಯದು ಜಡಿಮಳೆಯ ನಡುವೆಯೇ ಬೀಳುತ್ತದೆ. ಅವನ ಮುಖದ ದುಃಖ ಒಂದಿಷ್ಟೂ ಸುಳ್ಳಾಗಲಿಲ್ಲ, ಕಾರಣ ಬೇರೆಯಾಯಿತು, ಅಷ್ಟೇ. ಲೆಕ್ಕ ಸರಿಯಾಗಿರುವುದೂ ಮುಖ್ಯ. ‘ಐದು ಕಿಲೋ’ ಅಂದಿದ್ದರೆ ಕೇಳುವವರ ಗಮನ ತಪ್ಪಿನ ಮೇಲೆ ಹೋಗಿ ನಗು ಅಲ್ಲೇ ಸಾಯುತ್ತಿತ್ತು.

ಕೆಡುವುದು ಹೆಚ್ಚಾಗಿ ಎರಡು ಕಡೆ. ದನಿ ಕೊಡುವವನು ತಾನೇ ನಗೆಯ ದನಿ ಹಿಡಿದರೆ ಮುಗಿಯಿತು. ಯಕ್ಷಗಾನದಲ್ಲಿ ಅಟ್ಟಹಾಸ ಮಾಡಿ ಬಂದ ರಕ್ಕಸನ ಮುಂದೆ ಹಾಸ್ಯಗಾರ ಚಾರಕನಾಗಿ ನಿಂತು ಚಿಲ್ಲರೆ ಪ್ರಶ್ನೆ ಕೇಳುತ್ತಾನೆ. ರಕ್ಕಸ ಗಾಂಭೀರ್ಯ ಬಿಡದೆ ಉತ್ತರ ಕೊಡುವುದರಿಂದಲೇ ಬಣ್ಣ ಹಚ್ಚುವ ಚೌಕಿಯವರೆಗೂ ನಗು ಕೇಳುತ್ತದೆ. ಅವನೂ ಕೋಡಂಗಿಯಾದರೆ ನೋಡುವವರಿಗೆ ಏನೂ ಉಳಿಯುವುದಿಲ್ಲ.

ಎರಡನೆಯದರ ಬಗ್ಗೆ ನನಗೆ ಗಟ್ಟಿಯಾದ ಅಭಿಪ್ರಾಯವಿದೆ. ರಾಕ್ಷಸನಿಗೋ ದಡ್ಡನಿಗೋ ಹವ್ಯಕ ಕನ್ನಡ, ಕುಂದಾಪ್ರ ಕನ್ನಡ, ತೀರ್ಥಹಳ್ಳಿ ಕಡೆಯ ಒಕ್ಕಲಿಗರ ಮಾತು ಕೊಟ್ಟು, ನಾಯಕನಿಗೆ ಪುಸ್ತಕದ ಕನ್ನಡ ಇಡುವುದು ಬೇಡ. ಆಗ ಅಣಕಕ್ಕೆ ಗುರಿಯಾಗುವುದು ಅನಿಮೆಯಲ್ಲ, ಆ ಮಾತಾಡುವ ಮನೆಮಂದಿ. ಮೇಲಿನ ದೃಶ್ಯದಲ್ಲಿ ಖಡ್ಗಧಾರಿ, ಬಂಟ ಇಬ್ಬರೂ ಒಂದೇ ಊರಿನವರ ಹಾಗೆ ಮಾತಾಡುತ್ತಾರೆ, ನಗು ಔಷಧಿಯ ಚಿಂತೆಯಿಂದ ಹುಟ್ಟುತ್ತದೆ.

ಪದಕ್ಕೆ ‘ಅಭಿಮಾನಿ’ ಎಂಬುದನ್ನು ಕಟ್ಟಿಹಾಕಬೇಡಿ. ದೆವ್ವದ ಕತೆಗಳ ಜಪಾನೀ ಮಕ್ಕಳ ಸರಣಿಯೊಂದು, ಇಂಗ್ಲಿಷಿನಲ್ಲಿ ‘ಘೋಸ್ಟ್ ಸ್ಟೋರೀಸ್’, 2000-01ರಲ್ಲಿ 20 ಕಂತು ಬಂದಿತ್ತು. 2005ರಲ್ಲಿ ಎಡಿವಿ ಫಿಲ್ಮ್ಸ್ ಎಂಬ ಕಂಪನಿಯೇ ಅದಕ್ಕೆ ಇಂಗ್ಲಿಷಿನಲ್ಲಿ ಅಣಕದನಿ ಕೊಟ್ಟಿತು. ಬೇಕಾದಾಗ ‘ಅಭಿಮಾನಿಗಳ ಅಣಕದನಿ’ ಅನ್ನಿ.

ಚಿತ್ರವನ್ನೇ ಬದಲಿಸಿ ಅಣಕಿಸುವುದು ಬೇರೆ ಬಗೆ. ‘ಅಟ್ಯಾಕ್ ಆನ್ ಟೈಟನ್’ನಲ್ಲಿ ದೈತ್ಯ ನಾಯಕನ ತಾಯಿಯನ್ನು ತಿನ್ನುತ್ತದೆ. ಅದರದೇ ಅಧಿಕೃತ ಅಣಕ ‘ಜೂನಿಯರ್ ಹೈ’ನಲ್ಲಿ ಅವನ ಊಟವನ್ನು ತಿನ್ನುತ್ತದೆ, ಸೇಡಿನ ಕಿಚ್ಚು ಮಾತ್ರ ಅಷ್ಟೇ. ಅಲ್ಲಿ ಪಾತ್ರಗಳನ್ನು ಎರಡು-ಮೂರು ತಲೆಯ ಎತ್ತರಕ್ಕೆ ಕುಗ್ಗಿಸಿ ಬರೆಯುತ್ತಾರೆ, ಜಪಾನಿಯಲ್ಲಿ ‘ಚಿಬಿ’. ನಮಗೆ ‘ಮರಿರೂಪ’ ಸಾಲದೇ?

ತೀರ್ಥಹಳ್ಳಿಯಿಂದ:

ಸಾಗರದವರು ಬರೆದದ್ದಕ್ಕೆ ಒಂದು ಸೇರ್ಪಡೆ. ‘ಅಣಕದನಿ’ ನನಗೆ ಒಪ್ಪಿಗೆ. ಕನ್ನಡದಲ್ಲಿ ಅದನ್ನು ಮಾಡುವವರಿಗೆ ಬೇಕಾಗುವ ಇನ್ನೊಂದು ಪದ ಛಂದಸ್ಸಿನ ‘ಮಾತ್ರೆ’, ಅಂದರೆ ಅಕ್ಷರ ನುಡಿಯಲು ಹಿಡಿಯುವ ಕಾಲದ ಅಳತೆ. ಅದು ನಮ್ಮಲ್ಲಿ ಮೊದಲೇ ಇದೆ.

ಅನಿಮೆಯಲ್ಲಿ ಸೆಕೆಂಡಿಗೆ 24 ಚೌಕಟ್ಟು (ಫ್ರೇಮ್). ಸಾಮಾನ್ಯವಾಗಿ ಒಂದು ಚಿತ್ರವನ್ನು ಮೂರು ಚೌಕಟ್ಟಿನವರೆಗೆ ಹಿಡಿಯುತ್ತಾರೆ, ಅಂದರೆ ಸೆಕೆಂಡಿಗೆ ಎಂಟು ಚಿತ್ರ. ಬಾಯಿಗೆ ಇರುವುದು ಹೆಚ್ಚಾಗಿ ಮೂರೇ ರೂಪ: ಮುಚ್ಚಿದ್ದು, ಅರೆ ತೆರೆದದ್ದು, ಪೂರ್ತಿ ತೆರೆದದ್ದು. ಅಲ್ಲಿ ಚಿತ್ರ ಮೊದಲು, ದನಿ ಆಮೇಲೆ. ಹಾಗಾಗಿ ತುಟಿ ಯಾವ ಅಕ್ಷರಕ್ಕೂ ಬಿಗಿಯಾಗಿ ಕಟ್ಟಿಕೊಂಡಿರುವುದಿಲ್ಲ. ಮಾತು ಶುರುವಾಗುವ ಜಾಗ, ನಿಲ್ಲುವ ಜಾಗ, ನಡುವಿನ ಬಿಡುವು, ಈ ಮೂರು ಹೊಂದಿದರೆ ಕಣ್ಣು ಒಪ್ಪುತ್ತದೆ.

ಜಪಾನಿಯ ಮಾತಿನ ಅಳತೆ ನಮ್ಮ ಮಾತ್ರೆಯ ಲೆಕ್ಕದ ಹಾಗೆಯೇ, ದೀರ್ಘಕ್ಕೆ ಎರಡು, ಹ್ರಸ್ವಕ್ಕೆ ಒಂದು. ಕ್ರಿಯಾಪದವೂ ನಮ್ಮಂತೆ ವಾಕ್ಯದ ಕೊನೆಗೇ ಬರುತ್ತದೆ. ಆದ್ದರಿಂದ ನಗೆಯ ಪದವನ್ನು ಕೊನೆಯ ಬಾಯಿಚಿತ್ರಕ್ಕೆ ಸರಿಯಾಗಿ ಬೀಳಿಸುವುದು ಇಂಗ್ಲಿಷಿನವರಿಗಿಂತ ನಮಗೆ ಸಲೀಸು. ಉದಾಹರಣೆಗೆ ‘ಕೊರೊಸು’, ಕೊಲ್ಲುತ್ತೇನೆ ಎಂಬುದಕ್ಕೆ ಅಲ್ಲಿಯ ಮಾತು, ಮೂರು ಮಾತ್ರೆ. ಒತ್ತಕ್ಷರದ ಹಿಂದಿನ ಅಕ್ಷರಕ್ಕೂ ಎರಡು ಮಾತ್ರೆ ಎಣಿಸಿದರೆ ‘ಕೊಲ್ಲುತ್ತೇನೆ’ ಏಳು, ಬಾಯಿ ಮುಚ್ಚಿದ ಮೇಲೂ ದನಿ ಓಡುತ್ತದೆ. ‘ಕೊಲ್ತೀನಿ’ ಐದು. ಹವ್ಯಕರ ‘ಕೊಲ್ತಿ’ ಸರಿಯಾಗಿ ಮೂರು, ಆದರೆ ಉಳಿದವರ ಕಿವಿಗೆ ಅದು ‘ನೀನು ಕೊಲ್ತೀಯ’ ಅಂತ ಕೇಳುತ್ತದೆ, ಬೆದರಿಕೆಯೇ ತಿರುಗಿಬೀಳುತ್ತದೆ. ಇಂಥಲ್ಲಿ ‘ಸಾಯಿ’ ಅಂತ ಹಾಕಿ. ಮೂರೇ ಮಾತ್ರೆ, ಎಲ್ಲರಿಗೂ ಗೊತ್ತಾಗುತ್ತದೆ.

ಮೂಲದ ದನಿಯನ್ನು ಅಳಿಸಿದರೆ ಹಿನ್ನೆಲೆ ಸಂಗೀತ, ಮಳೆಯ ಸದ್ದು ಎಲ್ಲವೂ ಒಟ್ಟಿಗೇ ಹೋಗುತ್ತವೆ ಎಂಬುದು ನೆನಪಿರಲಿ. ಅವನ್ನು ಬೇರೆಯಾಗಿ ತಂದು ಕೂರಿಸಬೇಕು, ಅದೂ ಗಂಭೀರ ಸಂಗೀತವೇ ಆಗಿರಬೇಕು. ಖಡ್ಗಧಾರಿ ಔಷಧಿಯ ಮಾತಾಡುವ ಮುಂಚೆ ಎರಡು ಸೆಕೆಂಡು ಬರೀ ಮಳೆ ಕೇಳಿಸಿ.

ಕೋಶಕ್ಕೆ ಹಾಕುವುದಾದರೆ ಹೀಗೆ ಇರಲಿ, ತಿದ್ದುವವರು ತಿದ್ದಿ:

ಅಣಕದನಿ (ನಾ.) ಸಿದ್ಧ ದೃಶ್ಯಕ್ಕೆ, ಚಿತ್ರ ಬದಲಿಸದೆ, ನಗೆ ಹುಟ್ಟುವಂತೆ ಕೊಟ್ಟ ಬೇರೆ ಮಾತು, ಅಂಥ ಮಾತಿರುವ ಕೃತಿ. ‘ಕರಾಳ ಅನಿಮೆಗೆ ಅಣಕದನಿ ಕೊಟ್ಟರು.’ ಅಣಕದನಿಗಾರ, ಅಣಕದನಿಗಾರ್ತಿ: ಅದನ್ನು ಕೊಡುವವರು.