‘ಕುಳ್ಳನರಿ’ಗೆ ಕನ್ನಡದಲ್ಲಿ ಏನು? ನಾಳೆ ಸಂಜೆಯೊಳಗೆ ಬೇಕು

ಎಲ್ಲರಿಗೂ ನಮಸ್ಕಾರ. ಒಂದು ತಮಿಳು ಲೇಖನವನ್ನು ಕನ್ನಡಕ್ಕೆ ತರುತ್ತಿದ್ದೇನೆ, ನಾಳೆ ಸಂಜೆ ಕೊಡಬೇಕು. ತಮಿಳಿನ ಮಕ್ಕಳ ಚಾನೆಲ್ ಚುಟ್ಟಿ ಟಿವಿಯಲ್ಲಿ ಬಂದ ಹೊರದೇಶದ ಕಾರ್ಟೂನ್‌ಗಳ ಬಗ್ಗೆ. 2007ರಲ್ಲಿ ಆ ಚಾನೆಲ್ ಶುರುವಾದ ಮೇಲೆ ಡೋರಾ, ಜಾಕಿ ಚಾನ್ ಎಲ್ಲರೂ ತಮಿಳು ಮಾತಾಡಿದರಲ್ಲ, ಅದೇ ಕಥೆ. ನಾನು ಸಿಕ್ಕಿಕೊಂಡಿರುವುದು ಎರಡು ಕಡೆ. ಕದಿಯಲು ಬರುವ ನರಿಗೆ ಡೋರಾ ಕೈ ಮುಂದೆ ಮಾಡಿ ಮೂರು ಸಲ ಹೇಳುವ ‘ಕುಳ್ಳನರಿ ತಿರುಡಕ್ಕೂಡಾದು’ (ನರಿ, ಕದಿಯಬಾರದು) ಒಂದು. ಇಂಗ್ಲಿಷಿನಲ್ಲಿ ಆ ನರಿಯ ಹೆಸರು ಸ್ವೈಪರ್. ತಮಿಳಿನವರು ಹೆಸರನ್ನೇ ಬಿಟ್ಟು ಪ್ರಾಣಿಯನ್ನೇ ಹೆಸರಾಗಿಸಿದ್ದಾರೆ. ನಾನು ‘ಕುಳ್ಳನರಿ’ ಅಂತಲೇ ಬರೆದರೆ ನಮ್ಮ ಓದುಗರು ಗಿಡ್ಡ ನರಿ ಅಂದುಕೊಳ್ಳುತ್ತಾರೆ. ಇನ್ನೊಂದು, ಡಬ್ಬಿಂಗ್‌ಗೆ ಅವರು ಬಳಸುವ ‘ಮೊಳಿಮಾಟ್ರಮ್’. ‘ಭಾಷಾಂತರ’ ಅನ್ನುವ ಹಾಗಿಲ್ಲ, ಅದು ಅನುವಾದ ಆಗಿಬಿಡುತ್ತೆ.

*

ಗುಳ್ಳೆನರಿ. ಇದಕ್ಕೆ ಚರ್ಚೆ ಯಾಕೆ? ಎರಡೂ ಒಂದೇ ಪದ. ತಮಿಳಿನ ಕಿಳಿ ನಮ್ಮಲ್ಲಿ ಗಿಳಿ, ಕೂಡು ನಮ್ಮಲ್ಲಿ ಗೂಡು, ಕುಱಿ ನಮ್ಮಲ್ಲಿ ಗುರಿ. ಹಾಗೇ ಕುಳ್ಳ ಗುಳ್ಳೆ ಆಗಿದೆ. ಮೈಮೇಲೆ ಏಳುವ ಗುಳ್ಳೆಗೂ ಇದಕ್ಕೂ ಸಂಬಂಧ ಇಲ್ಲ. ಮೊಳಿಮಾಟ್ರಮ್‌ಗೆ ‘ನುಡಿಮಾರ್ಪು’ ಅಂತ ಹಾಕಿ. ಡಬ್ಬಿಂಗ್ ಬೇಡ.

*

ಪದ ಸರಿ, ಕಾರಣ ತಪ್ಪು. ಗಿಳಿ ಅನ್ನುವ ಕಡೆ ಇವತ್ತು ಯಾರೂ ಕಿಳಿ ಅನ್ನಲ್ಲ. ಕುಳ್ಳ ಹಾಗಲ್ಲ, ಕನ್ನಡದಲ್ಲಿ ಇವತ್ತಿಗೂ ಕುಳ್ಳ ಕುಳ್ಳನೇ. ನರಿಯ ಜೊತೆ ಬಂದಾಗ ಮಾತ್ರ ಅದು ಗಕಾರ ಆಗಿದ್ದು ಯಾಕೆ? ಕೊನೆಯ ಎಕಾರ ಎಲ್ಲಿಂದ ಬಂತು? ತಲೈ ತಲೆ ಆಗುತ್ತೆ, ಮಲೈ ಮಲೆ ಆಗುತ್ತೆ, ಸರಿ. ಕುಳ್ಳದಲ್ಲಿ ಐಕಾರ ಎಲ್ಲಿದೆ ಸಾರ್? ಹೋಲಿಕೆ ಕಂಡ ತಕ್ಷಣ ನಂಟು ಹೇಳಬೇಡಿ.

*

ನೀವಿಬ್ಬರೂ ಬೇರು ಅಗೆಯುತ್ತಾ ಕೂತಿದ್ದೀರಿ, ಕೇಳಿದವರಿಗೆ ನಾಳೆ ಸಾಲು ಬೇಕು. ನಾನು ಸ್ವಲ್ಪ ಕಾಲ ಡಬ್ಬಿಂಗ್‌ಗೆ ಮಾತು ಬರೆದವಳು, ಅಲ್ಲಿ ಪದ ಆರಿಸುವುದು ನಿಘಂಟು ಅಲ್ಲ, ಪರದೆ ಮೇಲಿನ ಬಾಯಿ. ಡೋರಾಳ ಇಂಗ್ಲಿಷ್ ಸಾಲು ‘ಸ್ವೈಪರ್ ನೋ ಸ್ವೈಪಿಂಗ್’ ಐದು ತುಂಡಿನ (ಸ್ವೈ-ಪರ್-ನೋ-ಸ್ವೈ-ಪಿಂಗ್) ಮಾತು, ಎರಡು ಪಕಾರ, ಅಂದರೆ ತುಟಿ ಎರಡು ಸಲ ಮುಚ್ಚಬೇಕು. ತಮಿಳು ಸಾಲನ್ನು ಬಿಡಿಸಿ ನೋಡಿ, ಹತ್ತು ತುಂಡು, ತುಟಿ ಮುಚ್ಚುವ ಅಕ್ಷರ ಒಂದೂ ಇಲ್ಲ! ಆದರೂ ಮಕ್ಕಳ ಬಾಯಲ್ಲಿ ನಿಂತಿತು. ಯಾಕೆ ಅಂದರೆ ‘ತಿರುಡಕ್ಕೂಡಾದು’ ಮನೆಯಲ್ಲಿ ದೊಡ್ಡವರು ಮಕ್ಕಳಿಗೆ ಹೇಳುವ ಮಾತು, ಅದನ್ನೇ ಮಗು ನರಿಗೆ ಹೇಳುತ್ತೆ. ನಮ್ಮಲ್ಲಿ ಅದು ‘ಗುಳ್ಳೆನರಿ, ಕದೀಬಾರ್ದು’. ಎಂಟೇ ತುಂಡು, ಮೇಲಾಗಿ ತುಟಿಗೆ ಒಂದು ಬಕಾರವೂ ಸಿಕ್ಕಿತು. ದಯವಿಟ್ಟು ‘ಕದಿಯಕೂಡದು’ ಅಂತ ಬರೆಯಬೇಡಿ, ತಮಿಳಿಗೆ ಹತ್ತಿರ ಇದೆ ನಿಜ, ಆದರೆ ಅದು ಗೋಡೆ ಮೇಲಿನ ಸೂಚನಾ ಫಲಕದ ಕನ್ನಡ. ನಾಲ್ಕು ವರ್ಷದ ಮಗುವಿನ ಬಾಯಿಂದ ಆ ಮಾತು ಬರಲ್ಲ.

*

ಮೇಡಂ, ಕದೀಬಾರ್ದು ಒಪ್ಪಿದೆ. ನುಡಿಮಾರ್ಪು ಬಗ್ಗೆ ಯಾರೂ ಮಾತಾಡಲಿಲ್ಲ. ತಮಿಳಿನವರು ತಮ್ಮದೇ ಪದ ಕಟ್ಟಿಕೊಂಡರು, ನಾವು ಯಾಕೆ ಎರವಲು ತರಬೇಕು?

*

ಯಾಕೆ ಅಂದರೆ ಈ ಜಗಳ ನಡೆದಿದ್ದೇ ಡಬ್ಬಿಂಗ್ ಅನ್ನುವ ಹೆಸರಲ್ಲಿ. 1960ರ ದಶಕದಿಂದ ಕನ್ನಡದಲ್ಲಿ ಡಬ್ಬಿಂಗ್ ಬೇಕೋ ಬೇಡವೋ ಅಂತ ಹೊಡೆದಾಡಿದ್ದೇವೆ, 2015ರಲ್ಲಿ ಸ್ಪರ್ಧಾ ಆಯೋಗ ಅದನ್ನು ತಡೆಯುವುದು ತಪ್ಪು ಅಂತ ಆದೇಶ ಕೊಟ್ಟಿತು. ನಮ್ಮ ಮಕ್ಕಳಿಗೆ ಚಿಂಟು ಟಿವಿ ಬಂದಿದ್ದೇ 2009ರಲ್ಲಿ. ಅಷ್ಟರಲ್ಲಿ ಹೊಸೂರು ಕಡೆಯ ನಮ್ಮ ಅಕ್ಕನ ಮಕ್ಕಳು ತಮಿಳು ಡೋರಾ ನೋಡಿ ಮನೆಯ ಬೆಕ್ಕಿಗೂ ತಿರುಡಕ್ಕೂಡಾದು ಅಂತ ಬೈತಾ ಇದ್ದರು, ಕನ್ನಡದ ಮಕ್ಕಳು! ಎರವಲು ಪದದಿಂದ ಕನ್ನಡಕ್ಕೆ ಆದ ನಷ್ಟ ನನಗೆ ಕಂಡಿಲ್ಲ. ಮಕ್ಕಳಿಗೆ ಕನ್ನಡದಲ್ಲಿ ಕಾರ್ಟೂನ್ ಸಿಗದೇ ಆದ ನಷ್ಟ ಕಣ್ಣಾರೆ ಕಂಡಿದ್ದೇನೆ.

*

ಎಲ್ಲರಿಗೂ ಥ್ಯಾಂಕ್ಸ್. ‘ಗುಳ್ಳೆನರಿ, ಕದೀಬಾರ್ದು’ ಹಾಕಿದೆ. ಡಬ್ಬಿಂಗ್ ಹಾಗೇ ಇಟ್ಟೆ, ಬೇಜಾರು ಮಾಡ್ಕೋಬೇಡಿ ಸಾರ್. ಒಂದು ಉಳಿದಿದೆ. ಚಾನೆಲ್ ಹೆಸರಿನ ‘ಚುಟ್ಟಿ’ಯನ್ನು ಲೇಖಕರು ಒಂದು ಕಡೆ ತುಂಟ ಮಗು ಅನ್ನುವ ಅರ್ಥದಲ್ಲಿ ಆಡಿಸಿದ್ದಾರೆ. ಅಲ್ಲಿ ನಮ್ಮ ‘ಚೂಟಿ’ ಹಾಕಬಹುದಾ?