ಸಹಾಯ ಬೇಕು: ಟಾಮಿ ಸುಹಾರ್ತೊ ಪ್ರಕರಣದ ತೀರ್ಪುಗಳನ್ನು ಓದಲು

ಎಲ್ಲರಿಗೂ ನಮಸ್ಕಾರ. ಸೇನಾ ಜನರಲ್ ಆಗಿದ್ದು, 1998ರವರೆಗೆ ಇಂಡೊನೇಷ್ಯಾವನ್ನಾಳಿದ ಸುಹಾರ್ತೊ ಅವರ ಮಗ ಟಾಮಿಯ ಪ್ರಕರಣದ ಕುರಿತು ಕಾನೂನು ವಿದ್ಯಾರ್ಥಿಗಳಿಗಾಗಿ ಲೇಖನವೊಂದನ್ನು ಸಿದ್ಧಪಡಿಸುತ್ತಿದ್ದೇನೆ. ಭೂ ಹಗರಣದಲ್ಲಿ 2000ನೇ ಇಸವಿಯಲ್ಲಿ ಆತನಿಗೆ 18 ತಿಂಗಳ ಸೆರೆವಾಸ ವಿಧಿಸಿದ್ದ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿ ಸ್ಯಾಫಿಯುದ್ದೀನ್ ಕರ್ತಸಸ್ಮಿತ ಅವರನ್ನು, 2001ರ ಜುಲೈನಲ್ಲಿ, ಜಕಾರ್ತಾದ ರಸ್ತೆಯಲ್ಲಿ ಕಾರಿನಲ್ಲಿದ್ದಾಗಲೇ ಬೈಕಿನಲ್ಲಿ ಬಂದವರು ಗುಂಡಿಟ್ಟು ಕೊಂದರು. ತಲೆಮರೆಸಿಕೊಂಡಿದ್ದ ಟಾಮಿ ನವೆಂಬರಿನಲ್ಲಿ ಸಿಕ್ಕಿಬಿದ್ದ. ಕೊಲೆ ಮಾಡಿಸಿದ್ದಕ್ಕೆ 2002ರಲ್ಲಿ ಆದ 15 ವರ್ಷಗಳ ಶಿಕ್ಷೆ ಮುಂದೆ 10ಕ್ಕಿಳಿದು, 2006ರಲ್ಲೇ ಆತ ಹೊರಬಂದ. ನನಗೆ ಇದಕ್ಕಿಂತ ವಿಚಿತ್ರವೆನಿಸಿದ್ದು, ಆತ ಪರಾರಿಯಾಗಿದ್ದಾಗಲೇ ಹಗರಣದ ಶಿಕ್ಷೆಯನ್ನು ಅದೇ ನ್ಯಾಯಾಲಯ ರದ್ದುಪಡಿಸಿದ್ದು. ಈ ಎರಡೂ ರಿಯಾಯಿತಿಗಳಿಗೆ ಕೊಟ್ಟ ಕಾರಣಗಳನ್ನು ಮೂಲ ತೀರ್ಪಿನಿಂದಲೇ ಉಲ್ಲೇಖಿಸಬೇಕಾಗಿದೆ. ಇಂಡೊನೇಷ್ಯನ್ ಭಾಷೆ ಬಲ್ಲ ಸದಸ್ಯರು ಯಾರಾದರೂ ಇದ್ದರೆ ದಯವಿಟ್ಟು ತಿಳಿಸಿ.