ಮೊಣಕಾಲಿನ ಕೆಳಗೆ ಮೂಳೆ ಮುರಿತ: ಡಿಸ್ಚಾರ್ಜ್ ಹಾಳೆಯ ಕೋಡ್ ಬಗ್ಗೆ ಕೇಳಿ

ಕೋಡರ್, ಶಿವಮೊಗ್ಗ: ಎಲ್ಲರಿಗೂ ನಮಸ್ಕಾರ. ನಾನು ಆಸ್ಪತ್ರೆಯೊಂದರ ರೆಕಾರ್ಡ್ ವಿಭಾಗದಲ್ಲಿ ರೋಗದ ಕೋಡ್ (ಐಸಿಡಿ 10 ಎಂಬ ಅಂತರರಾಷ್ಟ್ರೀಯ ರೋಗಪಟ್ಟಿಯ ಸಂಖ್ಯೆ) ಬರೆಯುವವಳು. ಮಳೆಗಾಲ ಬಂತೆಂದರೆ ಕಾಲು ಮುರಿದವರ ಫೈಲ್ ಜಾಸ್ತಿ. ಮೊಣಕಾಲಿನಿಂದ ಪಾದದ ಗಂಟಿನವರೆಗಿನ ಮುರಿತದ ಕೋಡ್ ಬಗ್ಗೆ ಏನಿದ್ದರೂ ಕೇಳಿ. ಚಿಕಿತ್ಸೆ ಬಗ್ಗೆ ಬೇಡ, ನಾನು ಡಾಕ್ಟರ್ ಅಲ್ಲ.

ತೀರ್ಥಹಳ್ಳಿ: ಮೇಡಂ, ಮರ ಹತ್ತುವ ಕೊನೆಗಾರರು ಸಿಗದೆ ಭಾವನೇ ಕೊಳೆರೋಗದ ಔಷಧಿ ಹೊಡೆಯಲು ಅಡಿಕೆ ಮರ ಹತ್ತಿದ್ದರು. ಜಾರಿ ಬಿದ್ದು ಬಲಗಾಲಿನ ಎರಡೂ ಮೂಳೆ ಮುರಿದವು. ಒಂದು ಮೂಳೆ ಚರ್ಮ ಸೀಳಿ ಹೊರಗೆ ಬಂದಿತ್ತು. ಆಪರೇಷನ್ ಮಾಡಿ ರಾಡ್ ಹಾಕಿದ್ದಾರೆ. ಹಾಳೆಯಲ್ಲಿ ಎಸ್ 82.20 ಅಂತಿದೆ. ಇನ್ಶೂರೆನ್ಸಿನವರು 'ಬಿಲ್ಲಿಗೂ ಕೋಡಿಗೂ ತಾಳೆಯಿಲ್ಲ' ಅಂತ ಕ್ಲೇಮ್ ತಡೆದಿದ್ದಾರೆ.

ಕೋಡರ್: ಇದನ್ನು ವಿವರವಾಗಿ ಹೇಳಬೇಕು. ಎಸ್ 82 ಅಂದರೆ ಮೊಣಕಾಲಿನ ಕೆಳಗಿನ ಮುರಿತ, ಪಾದದ ಗಂಟೂ ಸೇರಿ. ಚುಕ್ಕಿಯ ನಂತರದ 2 ಅಂದರೆ ಟಿಬಿಯಾ ಎಂಬ ದಪ್ಪ ಮೂಳೆಯ ನಡುಭಾಗ. ಜೊತೆಗೆ ಪಕ್ಕದ ತೆಳು ಮೂಳೆ ಫಿಬುಲಾ ಮುರಿದಿದ್ದರೂ ಅದು ಇದರಲ್ಲೇ ಸೇರುತ್ತದೆ. 82.4 ಇರುವುದು ಫಿಬುಲಾ ಒಂದೇ ಮುರಿದಾಗ. ನಿಮ್ಮ ತೊಂದರೆ ಇರುವುದು ಕೊನೆಯ ಅಂಕಿಯಲ್ಲಿ. 0 ಅಂದರೆ ಚರ್ಮ ಒಡೆಯದ ಮುರಿತ, 1 ಅಂದರೆ ಗಾಯ ತೆರೆದ ಮುರಿತ. ಭಾವನವರದ್ದು 82.21 ಆಗಬೇಕಿತ್ತು. ಬಿಲ್ಲಿನಲ್ಲಿ ಗಾಯ ತೊಳೆದ ಖರ್ಚಿದೆ, ಕೋಡು ಗಾಯವೇ ಇಲ್ಲ ಅನ್ನುತ್ತಿದೆ. ಹಾಗಾಗಿ ತಡೆದಿದ್ದಾರೆ.

ಕೋಡ್ ಬರೆದವರು ಮೋಸ ಮಾಡಿಲ್ಲ. ಡಾಕ್ಟರ್ 'ಓಪನ್' ಅಂತ ಬರೆಯದಿದ್ದರೆ 'ಕ್ಲೋಸ್ಡ್' ಅಂತಲೇ ಹಾಕಬೇಕು, ಅದು ನಿಯಮ. ನೀವು ಆಪರೇಷನ್ ಮಾಡಿದ ಡಾಕ್ಟರ್ ಹತ್ತಿರ ಹೋಗಿ, ಆಪರೇಷನ್ ಥಿಯೇಟರಿನ ಟಿಪ್ಪಣಿ ನೋಡಿ ಡಿಸ್ಚಾರ್ಜ್ ಹಾಳೆ ತಿದ್ದಿ ಸಹಿ ಹಾಕಿಕೊಡಿ ಅಂತ ಕೇಳಿ. ಆಮೇಲೆ ರೆಕಾರ್ಡಿನವರು ಕೋಡ್ ಬದಲಿಸುತ್ತಾರೆ. ಮರದಿಂದ ಬಿದ್ದದ್ದಕ್ಕೆ ಡಬ್ಲ್ಯೂ 14 ಇದೆಯಾ ನೋಡಿ. ತುಂಬಾ ಸಲ 'ಹೇಗೋ ಬಿದ್ದರು' ಅನ್ನುವ ಡಬ್ಲ್ಯೂ 19 ಹಾಕಿಬಿಡುತ್ತಾರೆ.

ಭದ್ರಾವತಿ: ಪಾದದ ಗಂಟಿನ ಒಳಗಡೆ, ಹೊರಗಡೆ ಎರಡೂ ಮುರಿದರೆ 82.5, 82.6 ಎರಡನ್ನೂ ಹಾಕಬೇಕಾ?

ಕೋಡರ್: ಬೇಡ. 82.8 ಒಂದೇ.

ಸಾಗರ: ಅಮೆರಿಕದ ಫೈಲ್ ಕೋಡಿಂಗ್ ಕಲಿಯುತ್ತಿದ್ದೇನೆ. ಪ್ಲಾಸ್ಟರ್ ಬಿಚ್ಚಲು ಬಂದವರಿಗೆ, ಚಿಕಿತ್ಸೆಯ ಹಂತ ಹೇಳುವ ಕೋಡಿನ ಏಳನೇ ಅಕ್ಷರ ಎ ಹಾಕಿದ್ದಕ್ಕೆ ತಪ್ಪು ಅಂದರು.

ಕೋಡರ್: ತಪ್ಪೇ. ಎ ಇರುವುದು ಚರ್ಮ ಒಡೆಯದ ಮುರಿತಕ್ಕೆ ಚಿಕಿತ್ಸೆ ನಡೆಯುತ್ತಿರುವಾಗ. ಸರಿಯಾಗಿ ಕೂಡುತ್ತಿದ್ದರೆ, ಪ್ಲಾಸ್ಟರ್ ಬಿಚ್ಚಲು ಬಂದಾಗ ಡಿ.

ಶಿಕಾರಿಪುರ: ಕೋಡಿನ ಹೊಸ ಪಟ್ಟಿ ಐಸಿಡಿ 11 ನಮ್ಮ ಕಡೆ ಯಾವಾಗ ಬರುತ್ತದೆ ಮೇಡಂ?

ಹೊಸನಗರ: ಫಾರ್ವರ್ಡ್ ಬಂದಿದೆ, ಎಲ್ಲರೂ ಓದಿ. ಮಂಗರಬಳ್ಳಿ ಅರೆದು ಕಟ್ಟಿದರೆ 7 ದಿನದಲ್ಲಿ ಮೂಳೆ ಕೂಡುತ್ತದೆ, ಆಪರೇಷನ್ ಬೇಡ.

ಕೋಡರ್: ದಯವಿಟ್ಟು ಇದನ್ನು ಇಲ್ಲಿ ಹಾಕಬೇಡಿ. 7 ದಿನದಲ್ಲಿ ಯಾವ ಟಿಬಿಯಾವೂ ಕೂಡುವುದಿಲ್ಲ. ತಿಂಗಳುಗಳೇ ಬೇಕು.

ಹೊಸನಗರ: ನಮ್ಮ ಅಜ್ಜಿಗೆ ಪಟ್ಟು ಕಟ್ಟಿಯೇ ಗುಣವಾಗಿದ್ದು. ನಿಮಗೆ ಇಂಗ್ಲಿಷ್ ಔಷಧಿ ಬಿಟ್ಟರೆ ಬೇರೆ ಇಲ್ಲ.

ಕೊಪ್ಪ: ನಮ್ಮ ಚಿಕ್ಕಪ್ಪನಿಗೂ ಕಟ್ಟಿದ್ದರು. ಕಾಲು ಸೊಟ್ಟಗಾಯಿತು. ಗದ್ದೆಗೆ ಇಳಿಯಲು ಈಗಲೂ ಕೋಲು ಬೇಕು.

ಹೊಸನಗರ: ಅದು ಕಟ್ಟಿದವರ ತಪ್ಪು, ಬಳ್ಳಿಯ ತಪ್ಪಲ್ಲ.

ಕೊಪ್ಪ: ಹಾಗಾದರೆ ನಿಮ್ಮ ಕಾಲಿಗೇ ಕಟ್ಟಿಸಿಕೊಳ್ಳಿ ಮಾರಾಯ್ರೇ.

ಕೋಡರ್: ಸಾಕು ಮಾಡಿ. ಸೊಟ್ಟ ಕೂಡಿದ ಮೂಳೆಗೆ ಎಮ್ 84.0, ಕೂಡದೆ ಉಳಿದದ್ದಕ್ಕೆ 84.1. ದುಡಿಯುವ ಹುಡುಗರ ಫೈಲಿನಲ್ಲಿ ಇವನ್ನು ಬರೆಯುವಾಗ ಹೊಟ್ಟೆ ಉರಿಯುತ್ತದೆ.

ಆಯನೂರು: ಕೋಡ್ 82.9 ಅಂತ ಹಾಕಿಸಿದರೆ ಕ್ಲೇಮ್ ಬೇಗ ಪಾಸ್ ಆಗುತ್ತದಂತೆ, ಹೌದಾ?

ಕೋಡರ್: ಇಲ್ಲ. 82.9 ಅಂದರೆ ಎಲ್ಲಿ ಮುರಿದಿದೆ ಅಂತ ಹೇಳಿಲ್ಲ ಎಂದರ್ಥ. ಎಕ್ಸ್‌ರೇ ಇಟ್ಟುಕೊಂಡು ಅದನ್ನು ಹಾಕಿದರೆ ಪ್ರಶ್ನೆ ಬರುವುದು ಹೆಚ್ಚಾಗುತ್ತದೆ.

ರಿಪ್ಪನ್‌ಪೇಟೆ: ಪ್ಲಾಸ್ಟರ್ ಬಿಚ್ಚುವಾಗ ಎ ಹಾಕಬೇಕಾ ಡಿ ಹಾಕಬೇಕಾ?

ಕೋಡರ್: ಮೇಲೆ ಓದಿ.

ತೀರ್ಥಹಳ್ಳಿ: ಮೇಡಂ, ಇನ್ನೊಂದು ಹೇಳಲು ಮರೆತೆ. ಊತ ಇಳಿಯಲಿಲ್ಲ ಅಂತ ಅಕ್ಕ ಮೊನ್ನೆ ಭಾವನ ಕಾಲಿಗೆ ಹೊಲಿಗೆಯ ಮೇಲೇ ಸೊಪ್ಪು ಇಟ್ಟು, ಬಿದಿರು ಚಕ್ಕೆ ಹಾಕಿ ಕಟ್ಟಿಸಿದ್ದಾಳೆ. ಈಗ ಬೆರಳು ಜೋಮು ಹಿಡಿದಿದೆ. ಬಟ್ಟೆ ಒದ್ದೆಯಾಗಿ ವಾಸನೆ ಬರುತ್ತಿದೆ. ಇದನ್ನೂ ಹಾಳೆಯಲ್ಲಿ ಬರೆಸಬೇಕಾ?

ಕೋಡರ್: ಹಾಳೆ ಪಕ್ಕಕ್ಕಿಡಿ! ಕಟ್ಟು ಈಗಲೇ ಸಡಿಲ ಮಾಡಿ. ಬೆರಳು ತಣ್ಣಗಾಗಿದೆಯಾ, ಬಣ್ಣ ಬದಲಾಗಿದೆಯಾ ನೋಡಿ. ಏನೇ ಇದ್ದರೂ 108ಕ್ಕೆ ಫೋನ್ ಮಾಡಿ ಹೊರಡಿ, ಬೆಳಗಾಗಲಿ ಅನ್ನಬೇಡಿ. ಮೂಳೆ ಹೊರಗೆ ಬಂದಿದ್ದ ಗಾಯ ಅದು, ಕೀವು ಮೂಳೆಗೇ ಇಳಿಯಬಹುದು. ಬಿಗಿ ಕಟ್ಟಿನಿಂದ ರಕ್ತ ಓಡಾಟ ನಿಂತರೆ ಕಾಲೇ ಹೋಗಬಹುದು. ಎಷ್ಟು ದಿನದ ಕಟ್ಟು, ಏನು ಹಾಕಿದ್ದಾರೆ, ಎಲ್ಲ ಮುಚ್ಚಿಡದೆ ಹೇಳಿ. ಅಕ್ಕನನ್ನು ಈಗ ಬೈಯಬೇಡಿ.

ಹೊಸನಗರ: ಸೊಪ್ಪಿನಿಂದ ಏನೂ ಆಗಲ್ಲ, ಸುಮ್ನೆ ಹೆದರಿಸಬೇಡಿ.

ಕೋಡರ್: ನೀವು ಸ್ವಲ್ಪ ಸುಮ್ಮನಿರಿ. ತೀರ್ಥಹಳ್ಳಿಯವರೇ, ಹೊರಟಿರಾ?

ಭದ್ರಾವತಿ: ಮೇಡಂ, 82.8ರ ಕೊನೆಗೂ 0 ಅಥವಾ 1 ಹಾಕಬೇಕಾ?

ತೀರ್ಥಹಳ್ಳಿ: ಕಟ್ಟು ಬಿಚ್ಚಿದೆವು. ಗಾಡಿ ಬಂತು. ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಗೆ ಬರುತ್ತಿದ್ದೇವೆ.

ಕೋಡರ್: ಬನ್ನಿ. ಹಳೇ ಎಕ್ಸ್‌ರೇ ತರಲು ಮರೆಯಬೇಡಿ.